ಮಹಾವಿಷ್ಣು ಆರ್ಕೆಸ್ಟ್ರಾದ ಮೊದಲ ಆಲ್ಬಮ್ ಹಾಕಿದರೆ ತಲೆನೋವು ಬರುತ್ತೆ. ಇದನ್ನು ಹೇಗೆ ಕೇಳಬೇಕು?

ನಿಮ್ಮ ಪ್ರಶ್ನೆ ಓದಿ ನಗು ಬಂತು. ಬೇಜಾರಾಗಬೇಡಿ, ನನ್ನದೇ ಹಳೆಯ ಕಥೆ ನೆನಪಾಯಿತು ಅಷ್ಟೆ. ನೀವು ಬರೆದಿರುವುದು ಇಷ್ಟು: ಚಿಕ್ಕಂದಿನಲ್ಲಿ ಒಂದಷ್ಟು ಕರ್ನಾಟಕ ಸಂಗೀತ ಆಗಿದೆ, ಈಗ ಗಿಟಾರ್ ಕಲಿಯುತ್ತಿದ್ದೀರಿ. ಜಾಝ್ ಫ್ಯೂಷನ್, ಅಂದರೆ ಜಾಝ್ ಜೊತೆ ರಾಕ್ ಬೆರೆತ ಸಂಗೀತ, ಕೇಳಬೇಕೆಂದರೆ ಗಿಟಾರ್ ವಾದಕ ಜಾನ್ ಮೆಕ್‌ಲಾಫ್ಲಿನ್ ಅವರ ಈ ತಂಡದ ‘ದಿ ಇನ್ನರ್ ಮೌಂಟಿಂಗ್ ಫ್ಲೇಮ್’ನಿಂದಲೇ ಶುರು ಮಾಡು ಅಂತ ಯಾರೋ ಹೇಳಿದರು. ಹಾಕಿದಿರಿ. ಹತ್ತು ನಿಮಿಷಕ್ಕೆ ತಲೆ ಹಿಡಿದುಕೊಂಡಿತು. ಐದು ಜನ ಒಟ್ಟಿಗೆ ಜಗಳ ಆಡಿದ ಹಾಗೆ ಕೇಳಿಸಿತು. ಇದರಲ್ಲಿ ನಿಜಕ್ಕೂ ಏನಾದರೂ ಇದೆಯಾ, ಇಲ್ಲ ಹೊಗಳುವವರು ಸುಮ್ನೆ ಹೊಗಳುತ್ತಾರಾ ಅನ್ನುವುದು ನಿಮ್ಮ ಅನುಮಾನ.

ಇದೆ. ಆದರೆ ಮುಂಬಾಗಿಲಿನಿಂದ ಒಳಗೆ ಹೋಗುವುದು ಕಷ್ಟ, ಹಿತ್ತಲ ಬಾಗಿಲಿನಿಂದ ಬನ್ನಿ. ಮೊದಲ ಹಾಡು ಈಗ ಬೇಡ. ಇನ್ನೊಂದು ಮಾತು, ಗಿಟಾರ್ ಕಲಿಯುವವರಿಗೆ ಹೇಳಬಾರದು, ಆದರೂ ಹೇಳುತ್ತೇನೆ: ಗಿಟಾರನ್ನು ಸ್ವಲ್ಪ ಮರೆತುಬಿಡಿ. ಮೊದಲು ಡ್ರಮ್ಸ್ ಕೇಳಿ.

ನನ್ನ ಕಥೆ ಮೊದಲು. 90ರ ದಶಕದಲ್ಲಿ ಎಂಜಿನಿಯರಿಂಗ್ ಓದುವಾಗ ಹಾಸ್ಟೆಲಿನ ಗೆಳೆಯನೊಬ್ಬ ಈ ಆಲ್ಬಮ್ಮನ್ನು 90 ನಿಮಿಷದ ಖಾಲಿ ಕ್ಯಾಸೆಟ್ಟಿಗೆ ತುಂಬಿಸಿ ಕೊಟ್ಟಿದ್ದ. ಕ್ಯಾಸೆಟ್ಟಿನ ಬೆನ್ನ ಮೇಲೆ ಬಾಲ್‌ಪೆನ್ನಿನಲ್ಲಿ ಕನ್ನಡದಲ್ಲೇ ‘ಮಹಾವಿಷ್ಣು’ ಅಂತ ಬರೆದಿದ್ದ. ಬೇರೆ ಒಂದಕ್ಷರ ಇಲ್ಲ. ರಜೆಗೆ ಮೈಸೂರಿಗೆ ಬಂದವನು ಅದನ್ನು ಟೇಪ್ ರೆಕಾರ್ಡರ್ ಪಕ್ಕ ಇಟ್ಟು ಮಲಗಿದೆ. ಮಾರನೆಯ ದಿನ ಶನಿವಾರ. ಅಮ್ಮ ಬೆಳಿಗ್ಗೆ ಸ್ನಾನ ಮಾಡಿ ಬಂದವರು ಹೆಸರು ನೋಡಿದ್ದಾರೆ, ವಿಷ್ಣು ಸಹಸ್ರನಾಮ ಇರಬೇಕು ಅಂದುಕೊಂಡಿದ್ದಾರೆ. ಕ್ಯಾಸೆಟ್ ಹಾಕಿ, ದೀಪ ಹಚ್ಚಿ, ಪ್ಲೇ ಒತ್ತಿದ್ದಾರೆ.

ಮೊದಲ ಹಾಡು ‘ಮೀಟಿಂಗ್ ಆಫ್ ದಿ ಸ್ಪಿರಿಟ್ಸ್’ ಹೇಗೆ ಶುರುವಾಗುತ್ತದೆ ಅಂತ ನಿಮಗೆ ಗೊತ್ತು. ಇಡೀ ವಾದ್ಯವೃಂದ ಒಟ್ಟಿಗೆ ಒಂದು ಏಟು ಹೊಡೆದು ನಿಲ್ಲುತ್ತದೆ. ಉಸಿರು ಬಿಡುವಷ್ಟರಲ್ಲಿ ಇನ್ನೊಂದು ಏಟು. ನಾನು ಹಾಸಿಗೆಯಿಂದ ಎದ್ದು ಓಡಿ ಬಂದಾಗ ಅಮ್ಮನ ಒಂದು ಕೈಯಲ್ಲಿ ಗಂಟೆ, ಇನ್ನೊಂದು ಕೈ ಸ್ಟಾಪ್ ಬಟನ್ ಹುಡುಕುತ್ತಿತ್ತು. “ಇದ್ಯಾವ ಮಹಾವಿಷ್ಣುವೋ, ಉಗ್ರ ನರಸಿಂಹ ಇರಬೇಕು” ಅಂದರು. ಈ ಆಲ್ಬಮ್ ಬಗ್ಗೆ ಆಮೇಲೆ ಬೇಕಾದಷ್ಟು ಓದಿದ್ದೇನೆ. ಅಮ್ಮನಷ್ಟು ಚಿಕ್ಕದಾಗಿ ಯಾರೂ ಹೇಳಿಲ್ಲ.

ಹೆಸರಿನ ವಿಷಯ ಬಂತಲ್ಲ, ಅದನ್ನು ಮುಗಿಸಿಬಿಡುತ್ತೇನೆ. ಮೆಕ್‌ಲಾಫ್ಲಿನ್ 1942ರಲ್ಲಿ ಇಂಗ್ಲೆಂಡಿನ ಯಾರ್ಕ್‌ಶೈರಿನಲ್ಲಿ ಹುಟ್ಟಿದವರು. 1969ರ ಶುರುವಿನಲ್ಲಿ ಡ್ರಮ್ಮರ್ ಟೋನಿ ವಿಲಿಯಮ್ಸ್ ಕರೆದರು ಅಂತ ನ್ಯೂಯಾರ್ಕಿಗೆ ಬಂದರು. ಬಂದು ಕೆಲವೇ ದಿನಕ್ಕೆ ಜಾಝ್ ಟ್ರಂಪೆಟ್ ವಾದಕ ಮೈಲ್ಸ್ ಡೇವಿಸ್ ಅವರ ‘ಇನ್ ಎ ಸೈಲೆಂಟ್ ವೇ’ ರೆಕಾರ್ಡಿಂಗಿನಲ್ಲಿ ಕೂತಿದ್ದರು. ಗಿಟಾರ್ ನುಡಿಸಲು ಬರದವನ ಹಾಗೆ ನುಡಿಸು ಅಂತ ಮೈಲ್ಸ್ ಹೇಳಿದರಂತೆ. ಈ ಕಥೆಯನ್ನು ಮೆಕ್‌ಲಾಫ್ಲಿನ್ ಅವರೇ ಎಷ್ಟೋ ಸಲ ಹೇಳಿಕೊಂಡಿದ್ದಾರೆ. ನ್ಯೂಯಾರ್ಕಿನಲ್ಲೇ ಅವರಿಗೆ ಶ್ರೀ ಚಿನ್ಮಯ್ ಅವರ ಪರಿಚಯವಾಯಿತು. ಬಂಗಾಳದಲ್ಲಿ ಹುಟ್ಟಿ, ಪಾಂಡಿಚೇರಿಯ ಅರವಿಂದಾಶ್ರಮದಲ್ಲಿ ಬೆಳೆದು, 1964ರಲ್ಲಿ ಅಮೆರಿಕಕ್ಕೆ ಹೋದ ಗುರು ಅವರು. ಶಿಷ್ಯನಿಗೆ ‘ಮಹಾವಿಷ್ಣು’ ಅಂತ ಹೆಸರಿಟ್ಟವರೂ ಅವರೇ. ಹಾಗಾಗಿ ತಂಡಕ್ಕೂ ಅದೇ ಹೆಸರು. ಅಮ್ಮನ ತಪ್ಪೇನೂ ಇಲ್ಲ.

ಸ್ವಂತ ತಂಡ ಕಟ್ಟು ಅಂತ ಹೇಳಿದವರೂ ಮೈಲ್ಸ್ ಡೇವಿಸ್. 1971ರಲ್ಲಿ ಕಟ್ಟಿದರು, ಅದೇ ವರ್ಷ ಆಗಸ್ಟಿನಲ್ಲಿ ನ್ಯೂಯಾರ್ಕಿನಲ್ಲಿ ರೆಕಾರ್ಡ್ ಮಾಡಿದರು, ವರ್ಷ ಮುಗಿಯುವ ಮೊದಲು ಕೊಲಂಬಿಯಾ ಕಂಪನಿ ಆಲ್ಬಮ್ ಹೊರತಂದಿತು. ಐದು ಜನ, ಐದು ದೇಶ. ಗಿಟಾರ್ ಇಂಗ್ಲೆಂಡಿನದು. ಡ್ರಮ್ಸ್ ಬಿಲ್ಲಿ ಕೋಬಮ್, ಹುಟ್ಟಿದ್ದು ಪನಾಮಾ. ಬೇಸ್ ನುಡಿಸಿದ ರಿಕ್ ಲೇರ್ಡ್ ಐರ್ಲೆಂಡಿನವರು. ಪಿಟೀಲಿನ ಜೆರ್ರಿ ಗುಡ್‌ಮನ್ ಅಮೆರಿಕದವರು. ಕೀಬೋರ್ಡಿನ ಯಾನ್ ಹ್ಯಾಮರ್ ಪ್ರಾಗ್‌ನಿಂದ ಬಂದವರು. 80ರ ದಶಕದ ‘ಮಯಾಮಿ ವೈಸ್’ ಟೀವಿ ಧಾರಾವಾಹಿಯ ಸಂಗೀತ ಗೊತ್ತಿದ್ದರೆ, ಅದು ಇದೇ ಹ್ಯಾಮರ್ ಅವರದು.

ಈಗ ನಿಮ್ಮ ತಲೆನೋವಿಗೆ ಬರೋಣ.

ಅದರಲ್ಲಿ ಅರ್ಧ ತಪ್ಪು ನಿಮ್ಮದಲ್ಲ, ರೆಕಾರ್ಡಿಂಗಿನದು. ಈ ಆಲ್ಬಮ್ಮಿನ ಸದ್ದು ಅಷ್ಟೇನೂ ಚೆನ್ನಾಗಿಲ್ಲ ಅಂತ ನಾನು ಧೈರ್ಯವಾಗಿ ಹೇಳುತ್ತೇನೆ. ಒರಟು, ಇಕ್ಕಟ್ಟು. ಗಿಟಾರ್, ಪಿಟೀಲು, ಎಲೆಕ್ಟ್ರಿಕ್ ಪಿಯಾನೊ ಮೂರೂ ಒಂದೇ ಎತ್ತರದಲ್ಲಿ ಕಿರುಚುತ್ತವೆ. ಹ್ಯಾಮರ್ ತಮ್ಮ ಪಿಯಾನೊವನ್ನು ರಿಂಗ್ ಮಾಡ್ಯುಲೇಟರ್ ಅನ್ನುವ ಸಲಕರಣೆಯ ಒಳಗೆ ಹಾಯಿಸಿ ಲೋಹ ಉಜ್ಜಿದಂಥ ಸದ್ದು ಬೇರೆ ತೆಗೆಯುತ್ತಾರೆ. ಮೊಬೈಲ್ ಸ್ಪೀಕರಿನಲ್ಲಿ ಕೇಳಿದರೆ ಬೇಸ್ ಪೂರ್ತಿ ಮಾಯ. ಇಡೀ ಕಟ್ಟಡಕ್ಕೆ ತಳಪಾಯ ರಿಕ್ ಲೇರ್ಡ್. ಉಳಿದ ನಾಲ್ವರು ಎಲ್ಲಿಗೆ ಹಾರಿದರೂ ಆ ಮನುಷ್ಯ ಕದಲುವುದಿಲ್ಲ. ಅವರು ಕಿವಿಗೆ ಬೀಳದಿದ್ದರೆ ಉಳಿದದ್ದೆಲ್ಲ ಗಲಾಟೆಯೇ. ಒಂದು ಸಾಧಾರಣ ಹೆಡ್‌ಫೋನ್ ಸಾಕು, ದುಬಾರಿಯದು ಬೇಕಿಲ್ಲ.

ಹೆಡ್‌ಫೋನ್ ಹಾಕಿಕೊಂಡು ನೇರವಾಗಿ ಏಳನೇ ಹಾಡಿಗೆ ಹೋಗಿ. ‘ಯೂ ನೋ, ಯೂ ನೋ’. ಐದು ನಿಮಿಷದ್ದು. ನಿಧಾನ. ಗಿಟಾರ್ ಒಂದು ಪುಟ್ಟ ವಾಕ್ಯವನ್ನು ಬಿಡಿಬಿಡಿಯಾಗಿ, ಒಂದೊಂದೇ ಸ್ವರ ಕೆಳಗಿಟ್ಟ ಹಾಗೆ ನುಡಿಸುತ್ತದೆ. ಮತ್ತೆ ಅದನ್ನೇ ನುಡಿಸುತ್ತದೆ. ಮತ್ತೆ ಅದನ್ನೇ. ಅದು ಬದಲಾಗಲಿ ಅಂತ ಕಾಯಬೇಡಿ. ಬದಲಾಗುವುದು ಅದರ ಕೆಳಗೆ. ಕೋಬಮ್ ಮೊದಮೊದಲು ಮರ್ಯಾದಸ್ಥರ ಹಾಗೆ ತಾಳ ಹಿಡಿದಿರುತ್ತಾರೆ. ಆಮೇಲೆ ವಾಕ್ಯಗಳ ನಡುವಿನ ಖಾಲಿ ಜಾಗದಲ್ಲಿ ಒಂದು ಸಣ್ಣ ಉರುಳಿಕೆ ಇಡುತ್ತಾರೆ. ಮುಂದಿನ ಸಲ ಸ್ವಲ್ಪ ದೊಡ್ಡದು. ಕೊನೆಕೊನೆಗೆ ಇಡೀ ಡ್ರಮ್ಸ್ ಮೆಟ್ಟಿಲ ಮೇಲಿಂದ ಬಿದ್ದ ಹಾಗೆ ಬಿದ್ದು, ಆದರೂ ಸರಿಯಾಗಿ ಆ ಒಂದನೇ ಏಟಿಗೆ ಎದ್ದು ನಿಂತಿರುತ್ತದೆ. ಉಳಿದ ನಾಲ್ವರು ಏನೂ ಆಗಿಲ್ಲ ಅನ್ನುವ ಹಾಗೆ ಅದೇ ವಾಕ್ಯ ನುಡಿಸುತ್ತಿರುತ್ತಾರೆ. ತನಿ ಆವರ್ತನದಲ್ಲಿ ಮೃದಂಗದವರು ಎಷ್ಟೇ ಊರು ಸುತ್ತಿದರೂ ಸಮಕ್ಕೆ ಬಂದು ಸೇರುತ್ತಾರಲ್ಲ, ಆಗ ಸಭೆಯಲ್ಲಿ ‘ಆಹಾ’ ಅನ್ನುತ್ತೇವಲ್ಲ, ಇಲ್ಲೂ ನನಗೆ ಬಾಯಿಗೆ ಬರುವುದು ಅದೇ. ಬ್ರಿಟನ್ನಿನ ಮ್ಯಾಸಿವ್ ಅಟ್ಯಾಕ್ ತಂಡ 1991ರಲ್ಲಿ ಈ ಹಾಡಿನ ತುಣುಕನ್ನೇ ಎತ್ತಿಕೊಂಡು ತಮ್ಮ ‘ಒನ್ ಲವ್’ ಹಾಡು ಕಟ್ಟಿತು. ಅದನ್ನು ಕೇಳಿದ್ದರೆ ಇದು ಎಲ್ಲೋ ಕೇಳಿದಂತಿದೆ ಅನ್ನಿಸಬಹುದು.

ಒಂದು ವಾರ ಇದೊಂದೇ ಕೇಳಿ. ಆಮೇಲೆ ನಾಲ್ಕನೆಯದು, ‘ಎ ಲೋಟಸ್ ಆನ್ ಐರಿಶ್ ಸ್ಟ್ರೀಮ್ಸ್’. ಡ್ರಮ್ಸ್ ಇಲ್ಲ, ಬೇಸ್ ಇಲ್ಲ. ಅಕೂಸ್ಟಿಕ್ ಗಿಟಾರ್, ಪಿಯಾನೊ, ಪಿಟೀಲು ಮಾತ್ರ. ಇದಕ್ಕೆ ನನ್ನ ವಿವರಣೆ ಬೇಕಾಗಿಲ್ಲ. ಅಮ್ಮನೂ ಇದನ್ನು ಪೂರ್ತಿ ಕೇಳಿದ್ದರು.

ಈಗ ಆರನೆಯದು, ‘ದಿ ಡಾನ್ಸ್ ಆಫ್ ಮಾಯಾ’. ಇಲ್ಲಿ ಪೆನ್ನು ಕಾಗದ ತೆಗೆದುಕೊಂಡರೂ ತಪ್ಪಿಲ್ಲ. ನಾನು ನಾಲ್ಕು ವರ್ಷ ಮೃದಂಗ ಕಲಿತು ಪಿಯುಸಿಯಲ್ಲಿ ಬಿಟ್ಟವನು. ಆ ನಾಲ್ಕು ವರ್ಷದಿಂದ ಜೀವನದಲ್ಲಿ ಏನಾದರೂ ಉಪಯೋಗ ಆಗಿದ್ದರೆ ಈ ಏಳು ನಿಮಿಷದಲ್ಲಿ.

ಶುರುವಿನಲ್ಲಿ ಗಿಟಾರ್ ಒಂದು ವಿಚಿತ್ರ ಸ್ವರಗುಚ್ಛವನ್ನು ಬಿಡಿಸಿ ಬಿಡಿಸಿ ನುಡಿಸುತ್ತದೆ. ಯಾವ ಕಡೆಗೆ ಹೋಗುತ್ತಿದೆ ಅಂತ ತಿಳಿಯುವುದಿಲ್ಲ, ಸ್ವಲ್ಪ ಹೆದರಿಕೆಯೂ ಆಗುತ್ತದೆ. ಅದರ ಒಂದು ಸುತ್ತಿಗೆ ಹತ್ತು ಮಾತ್ರೆ, ಅಂದರೆ ಹತ್ತು ಎಣಿಕೆ. ಪಿಟೀಲು ಅದರ ಮೇಲೆ ಒಂದು ಉದ್ದದ ರಾಗ ಎಳೆಯುತ್ತದೆ. ಸ್ವಲ್ಪ ಹೊತ್ತಿಗೆ ಎಲ್ಲ ನಿಂತು, ಇದ್ದಕ್ಕಿದ್ದ ಹಾಗೆ ಒಂದು ಬ್ಲೂಸ್, ಅಂದರೆ ಅಮೆರಿಕದ ಕಪ್ಪು ಜನರ ಹಳೆಯ ಹಾಡಿನ ಧಾಟಿ, ಶುರುವಾಗುತ್ತದೆ. ಕುಣಿಯಬೇಕು ಅನ್ನಿಸುವಂಥ, ಕುಂಟುತ್ತಾ ನಡೆಯುವಂಥ, ಹಳೆಯ ಹೆಂಡದಂಗಡಿಯ ಬ್ಲೂಸ್. ಕಾಲು ತಾನಾಗಿ ತಾಳ ಹಾಕುತ್ತದೆ. ಹಾಕುತ್ತಾ ಹಾಕುತ್ತಾ ಒಂದು ಕಡೆ ಎಡವುತ್ತದೆ. ಮತ್ತೆ ಹಿಡಿಯುತ್ತೀರಿ, ಮತ್ತೆ ಅದೇ ಜಾಗದಲ್ಲಿ ಎಡವುತ್ತೀರಿ.

ನಾನು ಹಾಸ್ಟೆಲ್ ಮಂಚದ ಮೇಲೆ ಕೂತು, ರಿವೈಂಡ್ ಮಾಡಿ ಮಾಡಿ, ತೊಡೆ ಮೇಲೆ ತಟ್ಟುತ್ತಾ ಇದನ್ನು ಬಿಡಿಸಿದ್ದು. ಬಾಯಲ್ಲಿ ಹೇಳಿಕೊಂಡರೆ ಹೀಗೆ:

ತಕಿಟ ತಕಿಟ ತಕಿಟ ತಕಿಟ ತಕಿಟ ತಕಿಟ ತಕ.

ಆರು ಮೂರುಗಳು, ಕೊನೆಗೆ ಒಂದು ಎರಡು. ಒಟ್ಟು ಇಪ್ಪತ್ತು. ಬ್ಲೂಸ್ ಸಾಮಾನ್ಯವಾಗಿ ಮೂರು ಮೂರಾಗಿ ಉರುಳುತ್ತದೆ, ಕಿವಿಗೆ ಅದೇ ಅಭ್ಯಾಸ. ಏಳನೇ ಸಲವೂ ಮೂರೇ ಬರುತ್ತದೆ ಅಂತ ಕಾಲು ನಂಬಿರುತ್ತದೆ. ಅಲ್ಲಿ ಒಂದು ಮಾತ್ರೆ ಕದ್ದುಬಿಡುತ್ತಾರೆ. ಮೆಟ್ಟಿಲಲ್ಲಿ ಕೊನೆಯದೊಂದು ಗಿಡ್ಡ ಇದ್ದರೆ ಕತ್ತಲಲ್ಲಿ ಏನಾಗುತ್ತದೆ, ಅದೇ.

ನಿಜವಾದ ಮಜಾ ಇನ್ನೂ ಮುಂದಿದೆ. ಗಿಟಾರ್ ಸೋಲೊ ಎಲ್ಲ ಆದಮೇಲೆ, ಶುರುವಿನ ಆ ಹೆದರಿಕೆಯ ಹತ್ತರ ರಾಗ ವಾಪಸ್ ಬರುತ್ತದೆ. ಆದರೆ ಕುಂಟು ಬ್ಲೂಸ್ ನಿಲ್ಲುವುದಿಲ್ಲ. ಎರಡೂ ಒಂದರ ಮೇಲೊಂದು ಕೂರುತ್ತವೆ. ಹತ್ತು ಇಪ್ಪತ್ತರ ಅರ್ಧ ಅಲ್ವಾ! ಐದಾರು ನಿಮಿಷದಿಂದ ಎರಡು ಬೇರೆ ಬೇರೆ ಹಾಡು ಅಂತ ಅಂದುಕೊಂಡಿದ್ದಿರಿ. ಅವು ಮೊದಲಿನಿಂದಲೂ ಒಂದಕ್ಕೊಂದು ಅಳತೆ ಕೊಟ್ಟು ಹೊಲಿಸಿದ ಬಟ್ಟೆ. ನಾನು ಇದನ್ನು ಕಂಡುಹಿಡಿದ ರಾತ್ರಿ ಪಕ್ಕದ ಮಂಚದವನನ್ನು ಎಬ್ಬಿಸಿ ಹೇಳಿದೆ. ಮರುದಿನ ಅವನಿಗೆ ಇಂಟರ್ನಲ್ಸ್ ಇತ್ತು. ಅವನು ಏನು ಅಂದ ಅಂತ ಇಲ್ಲಿ ಬರೆಯಲು ಆಗುವುದಿಲ್ಲ.

ಐದನೆಯದು ‘ವೈಟಲ್ ಟ್ರಾನ್ಸ್‌ಫರ್ಮೇಷನ್’. ನಮ್ಮಲ್ಲಿ ಸಂಕೀರ್ಣ ಅಂತ ಕರೆಯುವ ಒಂಬತ್ತರ ಲೆಕ್ಕ, ಅದೂ ಓಟದ ಮೇಲೆ. ‘ಮಾಯಾ’ ಬಿಡಿಸಿದ ಮೇಲೆ ಇದು ಸುಲಭ. ಮೂರನೆಯ ‘ನೂನ್‌ವರ್ಡ್ ರೇಸ್’ ಬಗ್ಗೆ ನನಗೆ ಅಷ್ಟು ಪ್ರೀತಿ ಇಲ್ಲ. ಗಿಟಾರಿಗರು ಅದನ್ನೇ ಹೊಗಳುತ್ತಾರೆ, ಜಾಸ್ತಿ ವೇಗ ಇದೆ ಅಂತ. ಬರೀ ವೇಗ ನನಗೆ ಬೇಗ ಸಾಕಾಗುತ್ತದೆ. ನಿಮಗೆ ಇಷ್ಟವಾದರೆ ನನ್ನ ಮಾತು ಬಿಡಿ.

ಪಿಟೀಲಿನ ಬಗ್ಗೆ ಒಂದು ಮಾತು. ಜೋರಾದ ಡ್ರಮ್ಸ್ ಎದುರು ಮಾಮೂಲಿ ಪಿಟೀಲು ಕೇಳಿಸುವುದಿಲ್ಲ. ಗುಡ್‌ಮನ್ ಅದಕ್ಕೆ ವಿದ್ಯುತ್ ಜೋಡಿಸಿದರು. ನಮ್ಮ ಮೈಸೂರು ಚೌಡಯ್ಯನವರಿಗೂ ಇದೇ ತೊಂದರೆ ಇತ್ತು ಅಲ್ವಾ? ಮೈಕ್ ಇಲ್ಲದ ಕಾಲದಲ್ಲಿ ಕೊನೆಯ ಸಾಲಿನವರಿಗೂ ಕೇಳಿಸಬೇಕು ಅಂತ ಅವರು ತಂತಿ ಸೇರಿಸಿ ಏಳು ತಂತಿಯ ಪಿಟೀಲು ಮಾಡಿಕೊಂಡರು. ಇಬ್ಬರಿಗೂ ಏನೂ ಸಂಬಂಧ ಇಲ್ಲ. ಆದರೂ ಗುಡ್‌ಮನ್ ನುಡಿಸುವಾಗ ನನಗೆ ಚೌಡಯ್ಯ ನೆನಪಾಗುತ್ತಾರೆ.

ಅಂದಹಾಗೆ, ‘ಇದೆಲ್ಲ ನಮ್ಮ ತಾಳಗಳೇ, ಅವರು ನಮ್ಮಿಂದ ತೆಗೆದುಕೊಂಡಿದ್ದು’ ಅಂತ ನಿಮಗೆ ಯಾರಾದರೂ ಹೇಳೇ ಹೇಳುತ್ತಾರೆ. ಪೂರ್ತಿ ನಂಬಬೇಡಿ. ಮೆಕ್‌ಲಾಫ್ಲಿನ್ 70ರ ದಶಕದ ಶುರುವಿನಲ್ಲಿ ಅಮೆರಿಕದ ವೆಸ್ಲಿಯನ್ ವಿಶ್ವವಿದ್ಯಾಲಯದಲ್ಲಿ ಎಸ್. ರಾಮನಾಥನ್ ಅವರ ಹತ್ತಿರ ವೀಣೆ ಕಲಿತದ್ದು ನಿಜ. ಆದರೆ ಈ ಆಲ್ಬಮ್ಮಿನಲ್ಲಿ ಬ್ಲೂಸ್ ಇದೆ, ರಾಕ್ ಇದೆ, ಮೈಲ್ಸ್ ಡೇವಿಸ್ ಇದ್ದಾರೆ, ಸ್ವರಗುಚ್ಛ ಕ್ಷಣಕ್ಕೊಂದು ಬದಲಾಗುತ್ತದೆ. ನಮ್ಮಲ್ಲಿ ಅದು ಇಲ್ಲವೇ ಇಲ್ಲ. ತಕಿಟ ತಕ ಅನ್ನುವುದು ನನಗೆ ಒಳಗೆ ಹೋಗಲು ಸಿಕ್ಕ ಬೀಗದಕೈ. ಬೀಗದಕೈ ನನ್ನದು ಅಂತ ಮನೆಯೂ ನನ್ನದು ಅನ್ನಲಾಗುತ್ತದೆಯೇ?

ನಮ್ಮ ಸಂಗೀತ ಮತ್ತು ಅವರ ಗಿಟಾರ್ ನಿಜವಾಗಿ ಒಂದೇ ಚಾಪೆಯ ಮೇಲೆ ಕೂತದ್ದು ಸ್ವಲ್ಪ ಆಮೇಲೆ, ಶಕ್ತಿ ತಂಡದಲ್ಲಿ. ಪಿಟೀಲು ಎಲ್. ಶಂಕರ್, ತಬಲ ಝಾಕಿರ್ ಹುಸೇನ್, ಘಟ ವಿನಾಯಕರಾಮ್. ಅದಕ್ಕೆಂದೇ ಮೆಕ್‌ಲಾಫ್ಲಿನ್ ಒಂದು ಅಕೂಸ್ಟಿಕ್ ಗಿಟಾರ್ ಮಾಡಿಸಿಕೊಂಡರು. ಮಾಮೂಲಿ ಆರು ತಂತಿಗಳ ಕೆಳಗೆ ಅಡ್ಡಡ್ಡಲಾಗಿ ಇನ್ನೂ ಏಳು ತಂತಿ, ತಂಬೂರಿಯ ಹಾಗೆ ಮೊಳಗುವುದಕ್ಕೆ. ಮೆಟ್ಟುಗಳ ನಡುವಿನ ಮರವನ್ನು ಕೆರೆದು ತಗ್ಗು ಮಾಡಿಸಿದ್ದರು, ವೀಣೆಯಲ್ಲಿ ಎಳೆದ ಹಾಗೆ ತಂತಿ ಎಳೆದು ಗಮಕ ತೆಗೆಯಲಿ ಅಂತ. ನೀವು ಗಿಟಾರ್ ಕಲಿಯುತ್ತಿರುವುದರಿಂದ ಇದನ್ನು ಒಮ್ಮೆ ಚಿತ್ರದಲ್ಲಾದರೂ ನೋಡಿ. ಶಕ್ತಿಯ ಸ್ಟುಡಿಯೋ ಆಲ್ಬಮ್ಮುಗಳಲ್ಲಿ 1977ರ ‘ಎ ಹ್ಯಾಂಡ್‌ಫುಲ್ ಆಫ್ ಬ್ಯೂಟಿ’ ನನಗೆ ಇಷ್ಟ. ನಮ್ಮ ಬೆಂಗಳೂರಿನವರೂ ಇಂಥದ್ದು ಮಾಡಿದ್ದಾರೆ. ಕರ್ನಾಟಕ ಕಾಲೇಜ್ ಆಫ್ ಪರ್ಕಷನ್ನಿನ ಟಿ.ಎ.ಎಸ್. ಮಣಿ, ಗಾಯಕಿ ಆರ್.ಎ. ರಮಾಮಣಿ ಇವರೆಲ್ಲ ಅಮೆರಿಕದ ಸ್ಯಾಕ್ಸೊಫೋನ್ ವಾದಕ ಚಾರ್ಲಿ ಮರಿಯಾನೊ ಜೊತೆ 1983ರಲ್ಲಿ ‘ಜ್ಯೋತಿ’ ಅಂತ ಒಂದು ಆಲ್ಬಮ್ ಮಾಡಿದರು. ಗಿಟಾರ್ ಇಲ್ಲ, ಆದರೆ ಕೇಳದೆ ಬಿಡಬೇಡಿ.

ಇಷ್ಟಾದ ಮೇಲೆ ಬೇಕಾದರೆ ಮೊದಲ ಹಾಡಿಗೆ ವಾಪಸ್ ಬನ್ನಿ. ಈಗ ಆ ಏಟುಗಳು ಏಟಿನ ಹಾಗೆ ಇರುವುದಿಲ್ಲ. ಏಟು ಮುಗಿದ ಮೇಲೆ ಗಿಟಾರ್ ದೂರದಿಂದ ಉರುಳುತ್ತಾ ಬರುತ್ತದೆ, ಅದನ್ನು ಹಿಡಿದುಕೊಂಡು ಹೋದರೆ ಆಯಿತು. ಕೊನೆಯ ಹಾಡು ‘ಅವೇಕನಿಂಗ್’ ಬಗ್ಗೆ ನನ್ನ ಅಭಿಪ್ರಾಯಕ್ಕೆ ಹೆಚ್ಚು ಬೆಲೆ ಕೊಡಬೇಡಿ. ಆಲ್ಬಮ್ 46 ನಿಮಿಷದ ಮೇಲೆ ಸ್ವಲ್ಪ ಇದೆ, ಕ್ಯಾಸೆಟ್ಟಿನ ಒಂದು ಮಗ್ಗುಲು 45 ನಿಮಿಷ. ಓಡುತ್ತಾ ಓಡುತ್ತಾ ಆ ಹಾಡು ಅರ್ಧದಲ್ಲಿ ‘ಟಕ್’ ಅಂತ ನಿಂತುಬಿಡುತ್ತಿತ್ತು. ಎಷ್ಟೋ ವರ್ಷ ಅದು ಹಾಗೇ ಮುಗಿಯುವ ಹಾಡು, ಎಂಥ ಧೈರ್ಯ ಇವರದು ಅಂತ ನಾನು ಜನರಿಗೆ ಹೇಳಿಕೊಂಡು ತಿರುಗಿದ್ದೇನೆ. ಸಿ.ಡಿ. ಕೊಂಡ ಮೇಲೆ ಗೊತ್ತಾಯಿತು. ಈಗಲೂ ಆ ಜಾಗ ಬಂದರೆ ಕಿವಿ ‘ಟಕ್’ ಕಾಯುತ್ತದೆ.

‘ಮಾಯಾ’ದ ಬ್ಲೂಸ್ ಎಣಿಸಿ ನೋಡಿ, ಎಲ್ಲಿ ತಪ್ಪಿದಿರಿ ಅಂತ ಕೆಳಗೆ ಬರೆಯಿರಿ. ನಾನು ಬಹಳ ದಿನ ಇಪ್ಪತ್ತೊಂದಕ್ಕೆ ಹೋಗಿಬಿಡುತ್ತಿದ್ದೆ.